ಚಿಹೊಳ ಬಿಕ್ಕಳಿಕೆ

ಆ ಭಾನುವಾರ ಬೆಳಿಗ್ಗೆ ಚಿಹೊ ಕುಸಾನೊ ಒಂದು ತುಂಡು ಬಿಸಿ ತೋಫುವನ್ನು ಅಗಿಯದೆ ನುಂಗಿಬಿಟ್ಟಳು. ಅವಳು ಮಾಡಿದ ತಪ್ಪು ಇಷ್ಟೇ. ಮಿಕ್ಕಿದ್ದೆಲ್ಲ ಬೀದಿಯವರು ಮಾಡಿದ್ದು.

ಜಪಾನಿನ ಕುರೊಹಾಮಾ ಎಂಬ ಊರಿನ ಅಂಗಡಿಬೀದಿಯಲ್ಲಿ ಉಮೆ ಅಜ್ಜಿಯ ತೋಫು ಅಂಗಡಿಯ ಮೇಲಿನ ಕೋಣೆಯಲ್ಲಿ ಚಿಹೊಳ ವಾಸ. ಬೆಳಗಿನ ಹೊತ್ತು ಬಂದರಿನ ಕಾರ್ಖಾನೆಯಲ್ಲಿ ಅರೆದ ಮೀನನ್ನು ಅಚ್ಚಿಗೆ ತುಂಬುವ ಕೆಲಸ, ಸಂಜೆ ಊರಿನ ಮಹಿಳಾ ಫುಟ್‌ಬಾಲ್ ತಂಡದಲ್ಲಿ ಆಟ. ಅವಳು ಮಿಡ್‌ಫೀಲ್ಡರ್. ಹೋಟೆಲಿನಲ್ಲಿ ಅಡುಗೆಮನೆಗೂ ಮೇಜಿಗೂ ನಡುವೆ ತಟ್ಟೆ ಹಿಡಿದು ಓಡಾಡುವವರ ಪಾಡೇ ಮೈದಾನದ ನಡುವೆ ಆಡುವವರದ್ದೂ. ರುಚಿಯಾದರೆ ಹೊಗಳಿಕೆ ಅಡುಗೆಯವರಿಗೆ, ಚೆಲ್ಲಿದರೆ ಬೈಗುಳ ಇವರಿಗೆ. ಎಂಟು ವರ್ಷದಿಂದ ಎರಡನೇ ದರ್ಜೆಯ ತಂಡದಲ್ಲೇ ಆಡುತ್ತಿದ್ದ ಅವಳಿಗೆ ಈಗ ಇಪ್ಪತ್ತೇಳು. ಇನ್ನು ಮೇಲೇರದಿದ್ದರೆ ಮೀನಿನ ಅಚ್ಚೇ ಗತಿ ಎಂದು ಅವಳಿಗೂ ಗೊತ್ತಿತ್ತು.

ಹಾಗಿರುವಾಗ ಮೊದಲ ದರ್ಜೆಯ ದೊಡ್ಡ ಕ್ಲಬ್ಬಿನಿಂದ ಆಟಗಾರ್ತಿಯರನ್ನು ಆರಿಸುವ ಸಕಾಕಿ ಎಂಬವರು ಇವತ್ತಿನ ಪಂದ್ಯಕ್ಕೆ ಬರುತ್ತಾರೆಂದು ತರಬೇತುದಾರ ಮುರೊತಾ ಅವಳ ಕಿವಿಯಲ್ಲಿ ಹೇಳಿದ್ದ. ಯಾರಿಗೂ ಹೇಳಬೇಡ ಎಂದೂ ಹೇಳಿದ್ದ. ಚಿಹೊ ಉಮೆ ಅಜ್ಜಿಗೆ ಮಾತ್ರ ಹೇಳಿದಳು. ಅಜ್ಜಿ ತೋಫು ಕೊಳ್ಳಲು ಬಂದವರಿಗೆ ಮಾತ್ರ ಹೇಳಿದಳು.

"ಹಿಕ್" ಎಂದಳು ಚಿಹೊ.

"ಏನಾಯ್ತೇ?" ಅಜ್ಜಿ ಕೈಯಲ್ಲಿದ್ದ ಸೌಟು ಕೆಳಗಿಟ್ಟಳು.

"ಏನಿಲ್ಲ ಅಜ್ಜಿ. ಹಿಕ್. ಬಿಕ್ಕಳಿಕೆ. ಹಿಕ್. ಈಗ ಹೋಗತ್ತೆ."

"ನೂರು ಸಲ ಬಂದ್ರೆ ಮನುಷ್ಯ ಉಳಿಯಲ್ಲ ಅಂತಾರೆ ಕಣೇ. ಸುಮ್ನೆ ಕೂತ್ಕೋ, ನಾನು ಎಣಿಸ್ತೀನಿ."

ಅಜ್ಜಿಗೆ ಲೆಕ್ಕ ತಪ್ಪುವ ಅಭ್ಯಾಸವಿದ್ದದ್ದರಿಂದ ಚಿಹೊ ಆ ದಿನ ಬದುಕಿಕೊಂಡಳು. ಅಜ್ಜಿ ಹದಿನೇಳಕ್ಕೆ ಬರುವಷ್ಟರಲ್ಲಿ ಎದುರಂಗಡಿಯಿಂದ ಮೀನು ಮಾರುವ ಗೆನ್ಸಾಕು, ಪಕ್ಕದಂಗಡಿಯಿಂದ ಕ್ಷೌರದ ತೊಮೆಜಿ ಇಬ್ಬರೂ ಓಡಿ ಬಂದು, "ಎಷ್ಟಾಯ್ತು?" ಎಂದು ಕೇಳಿದರು. ಅಜ್ಜಿ ಉತ್ತರ ಕೊಡಲು ಹೋಗಿ ಮತ್ತೆ ಒಂದರಿಂದ ಶುರುಮಾಡಿದಳು.

"ಲೋಟದ ಆಚೆ ಅಂಚಿಗೆ ಬಾಯಿಟ್ಟು ಬಗ್ಗಿ ನೀರು ಕುಡಿ, ಟಕ್ ಅಂತ ನಿಂತುಹೋಗತ್ತೆ" ಎಂದ ತೊಮೆಜಿ. ಚಿಹೊ ಬಗ್ಗಿ ಕುಡಿದಳು. ನೀರು ಮೂಗಿನೊಳಗೆ ಹೋಯಿತು, ಬಿಕ್ಕಳಿಕೆ ಇದ್ದಲ್ಲೇ ಇತ್ತು. ಅಜ್ಜಿ ಒಣಗಿದ ಪರ್ಸಿಮನ್ ಹಣ್ಣಿನ ತೊಟ್ಟು ಕುದಿಸಿ ಕಷಾಯ ಕೊಟ್ಟಳು. ಹಳೇ ಚಪ್ಪಲಿ ನೆನೆಸಿದ ನೀರಿನಂಥ ರುಚಿ. ಅದನ್ನು ಕುಡಿದ ಮೇಲೆ ಬಿಕ್ಕಳಿಕೆಗೆ ಇನ್ನಷ್ಟು ಕಸುವು ಬಂತು.

"ಇದಕ್ಕೆಲ್ಲ ಬಗ್ಗಲ್ಲ ಅದು. ಹೆದರಿಸಬೇಕು" ಎಂದು ಹೇಳಿ ಗೆನ್ಸಾಕು ಎಲ್ಲಿಗೋ ಮಾಯವಾದ. ಚಿಹೊ ಬೂಟಿನ ಚೀಲ ಹೆಗಲಿಗೇರಿಸಿ ಹೊರಡುವಾಗ ಬಾಗಿಲ ಮರೆಯಿಂದ ಜೀವಂತ ಆಕ್ಟೋಪಸ್ ಹಿಡಿದು ಅವಳ ಮುಖಕ್ಕೇ ಹಾರಿದ. ಹೆದರಿದ್ದು ಉಮೆ ಅಜ್ಜಿ. ಅವಳ ಕೈ ತಗುಲಿ ತೋಫುವಿನ ತೊಟ್ಟಿ ಮಗುಚಿಕೊಂಡಿತು, ಆಕ್ಟೋಪಸ್ ತೊಮೆಜಿಯ ತಲೆ ಹಿಡಿದುಕೊಂಡಿತು. ಆಕ್ಟೋಪಸ್ಸಿನ ತಲೆಗೂ ತೊಮೆಜಿಯ ತಲೆಗೂ ಹೆಚ್ಚು ವ್ಯತ್ಯಾಸವಿರಲಿಲ್ಲವಾದ್ದರಿಂದ ಯಾವುದನ್ನು ಎಳೆಯಬೇಕೆಂದು ಗೆನ್ಸಾಕುವಿಗೆ ಕೂಡಲೇ ತಿಳಿಯಲಿಲ್ಲ.

"ಹಿಕ್" ಎಂದಳು ಚಿಹೊ.

ಬಸ್ಸಿನಲ್ಲಿ ಹೋಗುವಾಗ ಅವಳ ಫೋನು ಬಡಿದುಕೊಂಡಿತು. ಅತ್ತಲಿಂದ ಒಂದು ಗಡಸು ಗಂಟಲು, "ನಿಮ್ಮ ಕಾರ್ಖಾನೆಗೆ ಬೆಂಕಿ ಬಿದ್ದಿದೆ" ಎಂದಿತು.

"ಹೌದಾ. ಹಿಕ್. ಹಾಗಾದ್ರೆ ನಾಳೆ ರಜಾನಾ?"

ಗಡಸು ಗಂಟಲು ಕೆಮ್ಮಿಕೊಂಡಿತು. ಆಮೇಲೆ ತೊಮೆಜಿಯ ಮಾಮೂಲಿ ದನಿ ಕೇಳಿತು: "ಹೋಗಲಿಲ್ವಾ? ಇರು, ಬೇರೆ ಏನಾದ್ರೂ ಯೋಚನೆ ಮಾಡ್ತೀನಿ."

ಪಂದ್ಯ ಶುರುವಾಯಿತು. ಬೀದಿಯವರೆಲ್ಲ ಅಂಗಡಿ ಮುಚ್ಚಿ ಬಂದು ಗ್ಯಾಲರಿಯಲ್ಲಿ ಕೂತಿದ್ದರು. ಎರಡು ಸಾಲು ಮೇಲೆ, ಬೂದು ಟೋಪಿ ಹಾಕಿಕೊಂಡು ಸಕಾಕಿ ಕೂತಿದ್ದರು. ಚಿಹೊಳ ಬೆನ್ನಿಗೆ ಅಂಟಿಕೊಂಡವಳು ಎದುರು ತಂಡದ ರಿತ್ಸುಕೊ ಎಂಬ ಇಪ್ಪತ್ತರ ಹುಡುಗಿ. ಇಬ್ಬರದ್ದೂ ಆರನೇ ನಂಬರಿನ ಅಂಗಿ.

ಚಿಹೊಳ ಕಾಲಿಗೆ ಮೊದಲ ಪಾಸು ಬಂತು. ಬಲಕ್ಕೆ ತಿರುಗಬೇಕೆನ್ನುವಷ್ಟರಲ್ಲಿ, ಹಿಕ್. ಎಡ ಭುಜ ತಾನಾಗಿ ಎಗರಿತು. ಅವಳು ಎಡಕ್ಕೆ ಹೋಗುತ್ತಾಳೆಂದು ರಿತ್ಸುಕೊ ಎಡಕ್ಕೆ ಜಿಗಿದು ಹುಲ್ಲಿನ ಮೇಲೆ ಕೂತಳು. ಚಿಹೊ ಬಲಕ್ಕೆ ನಡೆದು ಹೋದಳು. ಮುಂದಿನ ಸಲವೂ ಹಾಗೇ ಆಯಿತು. ಬಿಕ್ಕಳಿಕೆ ಯಾವಾಗ ಬರುತ್ತದೆ, ಯಾವ ಭುಜ ಎಗರುತ್ತದೆ ಎಂದು ಚಿಹೊಳಿಗೇ ತಿಳಿಯದಿರುವಾಗ ಎದುರಾಳಿಗೆ ಹೇಗೆ ತಿಳಿಯಬೇಕು? ಇಬ್ಬರು ಸೇರಿ ಅವಳನ್ನು ತಡೆಯಲು ಬಂದು ಒಬ್ಬರಿಗೊಬ್ಬರು ಡಿಕ್ಕಿ ಹೊಡೆದು, ಎದ್ದು, ಪರಸ್ಪರ ಬಗ್ಗಿ ಕ್ಷಮೆ ಕೇಳಿಕೊಂಡರು. ಅಷ್ಟರಲ್ಲಿ ಚಿಹೊ ಗೋಲಿನ ಹತ್ತಿರ ಹೋಗಿ ಪಾಸು ಕೊಡಲು ಕಾಲೆತ್ತಿದಳು. ಹಿಕ್. ಪಾಸು ಹೋಗಬೇಕಾದ ಕಡೆ ಹೋಗದೆ ಗೋಲಿನೊಳಗೆ ಹೋಯಿತು.

ಎಂಟು ವರ್ಷದಲ್ಲಿ ಅದು ಅವಳ ಮೂರನೇ ಗೋಲು. ಸಕಾಕಿ ಟೋಪಿ ತೆಗೆದು ಮಡಿಲಲ್ಲಿಟ್ಟುಕೊಂಡು, ಮುಂದಕ್ಕೆ ಬಾಗಿ ಕೂತರು.

ವಿರಾಮದಲ್ಲಿ ಅವರು ಕೆಳಗಿಳಿದು ಬಂದರು. "ನಲವತ್ತು ವರ್ಷದಿಂದ ಆಟ ನೋಡ್ತಿದ್ದೀನಮ್ಮ. ಹೀಗೆ ಭುಜದಲ್ಲಿ ಯಾಮಾರಿಸೋರನ್ನ ನೋಡಿರಲಿಲ್ಲ. ನಮ್ಮ ಮುಖ್ಯ ತರಬೇತುದಾರರು ನೆಮೊತೊ ಅಂತ, ಪಕ್ಕದ ಊರಲ್ಲೇ ಇದ್ದಾರೆ. ಈಗ ತಾನೇ ಫೋನ್ ಮಾಡಿ ಹೇಳ್ದೆ, ಆರನೇ ನಂಬರು, ಭುಜ ಎಗರಿಸ್ತಾಳೆ, ಬಂದು ನೋಡಿ ಅಂತ. ಅವರು ಹೂಂ ಅಂದ್ರೆ ನೀವು ಮೊದಲ ದರ್ಜೆಗೆ ಬಂದ ಹಾಗೇನೆ."

ಚಿಹೊಳ ಎದೆ ಧಸಕ್ಕೆಂದಿತು. ಬಗ್ಗಿ ನಮಸ್ಕರಿಸಿ ಎದ್ದಳು, ಕಾದಳು. ಬಿಕ್ಕಳಿಕೆ ಬರಲಿಲ್ಲ. ಇನ್ನೂ ಸ್ವಲ್ಪ ಕಾದಳು. ಮನೆ ಖಾಲಿ ಮಾಡಿದ ಬಾಡಿಗೆಯವರ ಹಾಗೆ ಅದು ಸದ್ದಿಲ್ಲದೆ ಹೊರಟುಹೋಗಿತ್ತು.

"ಅಜ್ಜಿ, ನಿಂತುಹೋಯ್ತು" ಎಂದಳು ಗ್ಯಾಲರಿಯ ಕಂಬಿ ಹಿಡಿದು, ಅಳುವ ದನಿಯಲ್ಲಿ.

"ಬದುಕಿದೆಯಲ್ಲ ತಾಯಿ. ತೊಂಬತ್ತಕ್ಕೆ ಬಂದಿತ್ತು."

"ಅಯ್ಯೋ, ಅದು ಬೇಕಿತ್ತಜ್ಜಿ." ಚಿಹೊ ಎಲ್ಲವನ್ನೂ ಹೇಳಿದಳು.

ಬೀದಿಯವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಬೆಳಿಗ್ಗೆಯಿಂದ ಬಿಡಿಸಲು ಹೆಣಗಿದ್ದನ್ನು ಈಗ ಹತ್ತಿಸಬೇಕು. ಅವರು ಹಿಂಜರಿಯುವ ಜನವಲ್ಲ. ಒಂದು ನೀರಿನ ಬಾಟಲಿ ಕೈಯಿಂದ ಕೈಗೆ ಹೋಯಿತು. ಅಜ್ಜಿ ಶುಂಠಿರಸ ಹಾಕಿದಳು. ಗೆನ್ಸಾಕು ತನ್ನ ಬುತ್ತಿಯಲ್ಲಿದ್ದ ವಸಾಬಿಯ ಮುದ್ದೆಯನ್ನೇ ಹಾಕಿದ. ಮೂಗಿನ ಮೂಲಕ ಮಿದುಳಿಗೆ ಹತ್ತುವ ಖಾರ ಅದು. ತೊಮೆಜಿ ಮೇಲೆ ಸೋಡಾ ತುಂಬಿ ಅಲ್ಲಾಡಿಸಿದ. "ಬಾಯಾರಿದಾಗ ಕುಡಿ" ಎಂದು ಅದನ್ನು ಗೆರೆಯ ಪಕ್ಕದಲ್ಲಿಟ್ಟರು.

ಅಷ್ಟಕ್ಕೆ ಸುಮ್ಮನಾಗಿದ್ದರೆ ಚೆನ್ನಾಗಿತ್ತು. ಸಕಾಕಿಯವರನ್ನು ಬರಿಗೈಯಲ್ಲಿ ಕೂರಿಸುವುದು ಬೀದಿಯ ಮರ್ಯಾದೆಗೆ ಕಡಿಮೆ ಎಂದು ಗೆನ್ಸಾಕು ಸುಟ್ಟ ಮೀನನ್ನೂ ಸಾಕೆ ಎಂಬ ಬೆಚ್ಚಗಿನ ಅಕ್ಕಿಮದ್ಯವನ್ನೂ ಹಿಡಿದು ಮೇಲೆ ಹತ್ತಿದ. ಅವರು ಬೇಡವೆಂದಾಗಲೆಲ್ಲ ಒಂದು ಬಟ್ಟಲು ಬಗ್ಗಿಸಿದ. ಅವರು ಬಹಳ ಸಲ ಬೇಡವೆಂದರು.

ದ್ವಿತೀಯಾರ್ಧದಲ್ಲಿ ಚಿಹೊ ಮತ್ತೆ ಹಳೆಯ ಚಿಹೊ ಆದಳು. ಬಲಕ್ಕೆ ಹೋಗುವವಳು ಬಲಕ್ಕೇ ಹೋದಳು, ರಿತ್ಸುಕೊ ಬಲಕ್ಕೇ ಬಂದು ಚೆಂಡು ಕಿತ್ತುಕೊಂಡಳು. ಬಾಟಲಿಯ ಕಡೆ ಓಡೋಣವೆಂದರೆ ಚೆಂಡು ಮೈದಾನದ ಆಚೆ ಬದಿಯಲ್ಲೇ ಸುತ್ತುತ್ತಿತ್ತು. ಕಡೆಗೊಮ್ಮೆ ಯಾರೋ ಬಿದ್ದು ಆಟ ನಿಂತಿತು. ಚಿಹೊ ತಿರುಗಿ ನೋಡುತ್ತಾಳೆ, ಹತ್ತಿರದಲ್ಲಿದ್ದ ರಿತ್ಸುಕೊ ಆ ಬಾಟಲಿ ಎತ್ತಿ ಗಟಗಟನೆ ಕುಡಿಯುತ್ತಿದ್ದಾಳೆ. ಗ್ಯಾಲರಿಯಲ್ಲಿ ಮೂವರು ಒಟ್ಟಿಗೇ ಎದ್ದು ನಿಂತರು.

ರಿತ್ಸುಕೊಳ ಮುಖ ಕೆಂಪಾಯಿತು, ಕಣ್ಣಲ್ಲಿ ನೀರು ಬಂತು. ಆಮೇಲೆ ಎಡ ಭುಜ ಎಗರಿತು.

ಸರಿಯಾಗಿ ಆ ಹೊತ್ತಿಗೆ ನೆಮೊತೊ ಬಂದರು. ಎತ್ತರದ, ಗಂಭೀರವಾದ ಹೆಂಗಸು. ಮೈದಾನದಲ್ಲಿ ಆರನೇ ನಂಬರಿನ ಹುಡುಗಿಯೊಬ್ಬಳು ಭುಜ ಎಗರಿಸುತ್ತ ಒಬ್ಬರ ಮೇಲೊಬ್ಬರನ್ನು ಉರುಳಿಸುತ್ತಿದ್ದಳು. ಉರುಳಿದವರಲ್ಲಿ ಚಿಹೊ ಕೂಡ ಇದ್ದಳು.

"ಇವಳೇ ಏನ್ರೀ ಸಕಾಕಿ?"

ಸಕಾಕಿ ಮೀನಿನ ಮುಳ್ಳನ್ನು ಎದೆಗವಚಿಕೊಂಡು ನಿದ್ದೆ ಹೋಗಿದ್ದರು. ಕಣ್ಣು ಬಿಡದೆ, "ಅವಳೇ, ಅವಳೇ" ಎಂದರು.

ಪಂದ್ಯ ಮುಗಿದ ಕೂಡಲೇ ನೆಮೊತೊ ನೇರವಾಗಿ ಹೋಗಿ ರಿತ್ಸುಕೊಳ ಎದುರು ನಿಂತರು. ಚಿಹೊ ಓಡಿ ಹೋಗಿ ಬಗ್ಗಿದಳು. "ಕ್ಷಮಿಸಿ ಮೇಡಂ, ಮೊದಲರ್ಧದಲ್ಲಿ ಭುಜ ಎಗರಿಸಿದ್ದು ನಾನು."

"ಹೌದಾ? ಎಗರಿಸಿ, ನೋಡೋಣ."

ಚಿಹೊ ಎಗರಿಸಿದಳು. ಅಂಗಿಯೊಳಗೆ ಇರುವೆ ಹೊಕ್ಕವರು ಹಾಗೆ ಮಾಡುತ್ತಾರೆ. ಇನ್ನೊಮ್ಮೆ ಎಗರಿಸಿದಳು. ಎರಡು ಇರುವೆ ಹೊಕ್ಕಂತಾಯಿತು.

"ಪ್ರಯತ್ನ ಬಿಡಬೇಡಿ" ಎಂದು ನೆಮೊತೊ ತುಂಬ ಮರ್ಯಾದೆಯಿಂದ ಹೇಳಿ, ರಿತ್ಸುಕೊಳನ್ನು ತಮ್ಮ ಕಾರಿನಲ್ಲಿ ಕೂರಿಸಿಕೊಂಡು ಹೋದರು.

ಸಂಜೆ ಎಲ್ಲರೂ ಅಜ್ಜಿಯ ಅಂಗಡಿಯಲ್ಲಿ ಸೇರಿದರು. ಅಜ್ಜಿ ಬಿಸಿ ಅನ್ನ ಬಡಿಸಿದಳು. ತನ್ನ ಅಂಗಡಿಯಲ್ಲಿದ್ದ ಒಳ್ಳೆಯ ಮೀನನ್ನು ಗೆನ್ಸಾಕು ಮಾರದೆ ತಂದುಕೊಟ್ಟ. ತೊಮೆಜಿ ಬಿಟ್ಟಿಯಾಗಿ ಕೂದಲು ಕತ್ತರಿಸುತ್ತೇನೆಂದ, ಅದನ್ನು ಚಿಹೊ ಬೇಡವೆಂದಳು. ಮುರೊತಾ ಸಮಾಧಾನ ಹೇಳಲು ಬಂದು, ಮೀನು ತಿನ್ನುತ್ತ ಕೂತ. ಆಗ ಫೋನು ಬಂತು.

"ಚಿಹೊ ಅಕ್ಕಾ, ನಾನು ರಿತ್ಸುಕೊ." ಹುಡುಗಿ ಬಿಕ್ಕುತ್ತಿದ್ದಳು, ಅಳುವಿನ ಬಿಕ್ಕು. "ನನ್ನನ್ನ ತಗೊಂಡಿದ್ದೀವಿ ಅಂತ ಮೇಡಂ ಕಾರಲ್ಲಿ ಹೇಳಿದ್ರು. ಆ ಖುಷಿಗೆ ಬಿಕ್ಕಳಿಕೆ ನಿಂತೇಹೋಯ್ತು. ನಾಳೆ ಬೆಳಿಗ್ಗೆ ಎಲ್ಲರ ಮುಂದೆ ಭುಜದ ಆಟ ತೋರಿಸಬೇಕಂತೆ. ಆ ಬಾಟಲಿ ನಿಮ್ಮ ಬೀದಿಯೋರದ್ದಂತಲ್ಲ. ಅದರಲ್ಲಿ ಏನಿತ್ತು ಅಕ್ಕಾ?"

ಚಿಹೊ ಫೋನಿಗೆ ಅಂಗೈ ಮುಚ್ಚಿ ಯೋಚಿಸಿದಳು. ಅವಳು ಕೆಟ್ಟವಳಲ್ಲ. ಆದರೆ ಅದನ್ನು ಮೊದಲು ತಾನೇ ಕುಡಿದು ಬಿಕ್ಕಳಿಕೆ ಬಂದರೆ ನಾಳೆ ಮುಂಜಾನೆಯ ರೈಲು ಹತ್ತಿ ನೆಮೊತೊ ಮೇಡಂ ಎದುರು ಹೋಗಿ ನಿಲ್ಲಬಹುದು. ರಿತ್ಸುಕೊಳಿಗೆ ಇನ್ನೂ ಇಪ್ಪತ್ತು, ಕಾಲ ಬೇಕಾದಷ್ಟಿದೆ.

"ಒಂದು ನಿಮಿಷ ಇರು ಕಣೇ" ಎಂದು ಅವಳು ಬೀದಿಯವರ ಕಡೆ ತಿರುಗಿದಳು. "ಅದನ್ನ ಮತ್ತೆ ಮಾಡಿ."

ಶುಂಠಿ ಎಷ್ಟು, ವಸಾಬಿ ಎಷ್ಟು ಎಂದು ಮೂವರೂ ಜಗಳವಾಡಿಕೊಂಡೇ ಒಂದು ಪಾತ್ರೆ ತುಂಬ ಮಾಡಿದರು. ಚಿಹೊ ದೊಡ್ಡ ಲೋಟ ಎತ್ತಿ ಒಂದೇ ಉಸಿರಿಗೆ ಕುಡಿದಳು. ಎಲ್ಲರೂ ಅವಳ ಭುಜವನ್ನೇ ನೋಡಿದರು. ಕಣ್ಣು ಉರಿಯಿತು, ಮೂಗು ಸೋರಿತು, ಹೊಟ್ಟೆ ಗುಡುಗಿತು. ಭುಜ ಮಾತ್ರ ಬುದ್ಧನ ವಿಗ್ರಹದಂತೆ ತಣ್ಣಗಿತ್ತು. ಇನ್ನೊಂದು ಲೋಟ ಕುಡಿದಳು. ಊಹೂಂ.

"ಖಾರ ಕಮ್ಮಿಯಾಗಿರಬೇಕು" ಎಂದು ಗೆನ್ಸಾಕು ಒಂದು ಗುಟುಕು ರುಚಿ ನೋಡಿದ. "ಸರಿಯಾಗೇ ಇದ್ಯಲ್ಲ. ಹಿಕ್."

"ಸೋಡಾ ಸತ್ತಿದೆ ಅನ್ಸತ್ತೆ" ಎಂದು ತೊಮೆಜಿ ನೋಡಿದ. "ಹಿಕ್."

"ಕೊಡಿ ಇಲ್ಲಿ, ನಿಮಗೇನು ಗೊತ್ತಾಗತ್ತೆ" ಎಂದು ಅಜ್ಜಿ ಪಾತ್ರೆ ಕಸಿದುಕೊಂಡು ಒಂದು ಗುಟುಕು ಕುಡಿದಳು. ಅವಳ ಹಿಕ್ಕಿಗೆ ಕೃತಕ ಹಲ್ಲು ಕಳಚಿ ಪಾತ್ರೆಗೇ ಬಿತ್ತು. ಅದು ಬೀಳುವುದಕ್ಕೆ ಮೊದಲೇ ಒಂದು ಬಟ್ಟಲು ಮೊಗೆದುಕೊಂಡಿದ್ದ ಮುರೊತಾನ ಎರಡು ಭುಜವೂ ಒಟ್ಟಿಗೆ ಎಗರಿದವು. ಅಂಥ ಭುಜವನ್ನು ಮೊದಲ ದರ್ಜೆಯಲ್ಲೂ ಯಾರೂ ಕಂಡಿರಲಾರರು.

"ಅಕ್ಕಾ, ಹಿಕ್ ಹಿಕ್ ಅಂತ ಕೇಳಿಸ್ತಿದೆ" ಎಂದಳು ಫೋನಿನಲ್ಲಿ ರಿತ್ಸುಕೊ, ಆಸೆಯಿಂದ. "ಬಂತಾ?"

ಚಿಹೊ ಸುತ್ತಲೂ ಒಮ್ಮೆ ನೋಡಿದಳು.

"ಬಂತು ಕಣೇ" ಎಂದಳು. "ನನ್ನೊಬ್ಬಳನ್ನ ಬಿಟ್ಟು ಎಲ್ರಿಗೂ ಬಂತು. ಹೇಳ್ತೀನಿ, ಬರ್ಕೋ."