ಹೂಮಳೆ ಜಮಾ ಆದ ಫೈಲು

ಕಾಫಿ ತೋಟಕ್ಕೆ ಕಂಪ್ಯೂಟರ್ ಬಂದ ಮೇಲೆ ನಗೋ ಸಂಗತಿಗೆ ಬರ ಇಲ್ಲ. ಒಂದನ್ನು ಸರಿಮಾಡಿ ಜೀಪು ಹತ್ತೋದ್ರೊಳಗೆ ಇನ್ನೊಂದು ಹುಟ್ಟಿರುತ್ತೆ. ಮೂಡಿಗೆರೆಯಲ್ಲಿ ನನ್ನದೊಂದು ಸಣ್ಣ ಅಂಗಡಿ. ಬ್ಯಾಂಕಿನ ಲೆಕ್ಕವನ್ನು ಕೈಯಲ್ಲಿ ಕುಟ್ಟದೆ ನೇರವಾಗಿ ಅಕೌಂಟ್ಸ್ ಸಾಫ್ಟ್‌ವೇರಿಗೆ ಇಳಿಸುವ ಲೈಬ್ರರಿ ಫೈಲು ಬರೆಯೋದು ನನ್ನ ಕಸುಬು. ಅದನ್ನು ಒಂದು ಫೋಲ್ಡರಿಗೆ ಹಾಕಿದರೆ ಆಯ್ತು, ಮಿಕ್ಕಿದ್ದು ಸಾಫ್ಟ್‌ವೇರ್ ನೋಡಿಕೊಳ್ಳುತ್ತೆ. ಹಾಗಂತ ಅಂದುಕೊಂಡಿದ್ದೆ.

ಮೊದಲ ಗಿರಾಕಿ ಗೋಣಿಬೀಡಿನ ಹತ್ತಿರದ ಎಸ್ಟೇಟಿನ ಯಜಮಾನರು. ಮೊದಲೇ ಹೇಳಿಬಿಟ್ಟರು: "ಆಡಿಟರ್ ಬಂದ ದಿನ ಲೆಕ್ಕ ತಾಳೆಯಾದ್ರೆ ಸುತ್ತಿನ ತೋಟಕ್ಕೆಲ್ಲ ನಾನೇ ಹೇಳ್ತೀನಿ. ಆಗ್ಲಿಲ್ಲ ಅಂದ್ರೆ ನಿಮ್ಮ ಫೈಲು ನೀವೇ ತಗೊಂಡ್ಹೋಗಿ."

ಅವರು ಬೇಡ ಅಂದಿದ್ದನ್ನು ಈ ಕಡೆ ಇನ್ಯಾರೂ ಮುಟ್ಟಲ್ಲ. ಅಂಗಡಿಗೆ ಬೀಗವೇ ಗತಿ.

ಓದೋಕಾಗದ ಫೈಲು

ಹಾಕುವ ಮೊದಲು ತೆರೆದು ತೋರಿಸಿ ಅಂದರು ಯಜಮಾನರು. ತೆರೆದೆ. ಪರದೆ ತುಂಬ ಗೀಚುಮೀಚು ಅಕ್ಷರ.

"ಏನ್ ಮೇಡಂ ಇದು, ಓದೋಕೇ ಆಗಲ್ವಲ್ಲ?"

"ಇದು ನಮಗಲ್ಲ ಸರ್, ಸಾಫ್ಟ್‌ವೇರ್ ಓದಿಕೊಳ್ಳುತ್ತೆ."

"ನಂಗೆ ಓದೋಕಾಗದ್ದನ್ನ ನಂಬಿ ಲೆಕ್ಕ ಬಿಡ್ಲಾ?"

ಮೂಲೆಯಲ್ಲಿ ಕೂತಿದ್ದ ತೋಟದ ರೈಟರು, ಅಂದರೆ ಲೆಕ್ಕ ಬರೆಯುವವರು, ತಲೆ ಎತ್ತದೆ ಹೇಳಿದರು: "ಮೇಸ್ತ್ರಿ ಬರೆಯೋ ಹಾಜರಿನೂ ಯಾರಿಗೂ ಓದೋಕಾಗಲ್ಲ ಸರ್. ಅದನ್ನ ನಂಬಿ ಸಂಬಳ ಕೊಡ್ತಾ ಇಲ್ವಾ?"

ಫೈಲು ಒಳಗೆ ಹೋಯ್ತು.

ಚಿಗುರು ತೆಗೆದದ್ದು

ಸ್ವಲ್ಪ ದಿನಕ್ಕೆ ರೈಟರ ಫೋನು. "ಮಾರಾಯ್ರೆ, ಬ್ಯಾಂಕಿನ ಲೆಕ್ಕ ಇಳೀತಾನೇ ಇಲ್ಲ."

ಹೋಗಿ ನೋಡಿದರೆ ಫೋಲ್ಡರ್ ಬೋಳು. ಏನು ಮಾಡಿದ್ರಿ ಅಂತ ಕೇಳಿದೆ.

"ಕಂಪ್ಯೂಟರ್ ನಿಧಾನ ಆಗಿತ್ತು. ಗಿಡದಲ್ಲಿ ಫಸಲು ಕೊಡದ ಕಂಬಚಿಗುರು ತೆಗೀತೀವಲ್ಲ, ಹಾಗೆ ಬೇಡದ ಫೈಲನ್ನೆಲ್ಲ ಒಂದು ಸುತ್ತು ತೆಗೆದೆ. ಆ ಫೈಲು ಯಾರೂ ತೆರೆದಿದ್ದು ನಾನು ನೋಡೇ ಇಲ್ಲ. ಸುಮ್ನೆ ಸಾರ ಎಳೀತಿದೆ ಅನ್ನಿಸ್ತು."

ಸಿಟ್ಟು ಬಂತು, ಆದರೆ ನಗು ಮುಂದೆ ಬಂತು. ಮತ್ತೆ ಹಾಕಿಕೊಟ್ಟೆ. ಮುಂದಿನ ಸಲ ಹೋದಾಗ ಕಂಪ್ಯೂಟರಿಗೆ ಚೀಟಿ ಅಂಟಿಸಿದ್ದರು: "ಈ ಫೋಲ್ಡರಿಗೆ ಕತ್ತಿ ಹಾಕಬಾರದು."

ಯಾರು ಕೊಟ್ಟ ದುಡ್ಡು

ಕೊನೆಗೆ ಆಡಿಟರ್ ಬಂದರು. ಪೈಸೆ ಆಚೀಚೆ ಆದರೂ ಊಟಕ್ಕೆ ಏಳದ ಮನುಷ್ಯ. ಅವರದೂ ಒಂದು ಕಾಫಿ ತೋಟ ಇದೆ. ಪರದೆ ನೋಡ್ತಾ ನೋಡ್ತಾ ಹುಬ್ಬು ಗಂಟಿಕ್ಕಿದರು.

"ಮಾರ್ಚಲ್ಲಿ ಒಂದು ರೂಪಾಯಿ ನಲವತ್ತು ಪೈಸೆ ಜಮಾ ಆಗಿದೆ. ಬ್ಯಾಂಕಲ್ಲಿ ಇಲ್ಲ. ಯಾರು ಕೊಟ್ರು?"

ಯಜಮಾನರು ನನ್ನ ಕಡೆ ತಿರುಗಿದರು, ನಾನು ರೈಟರ ಕಡೆ.

"ಅದು ದುಡ್ಡಲ್ಲ," ಅಂದರು ರೈಟರು, "ಹೂಮಳೆ."

ಹೂಮಳೆ ಅಂದರೆ ಬೇಸಿಗೆಯಲ್ಲಿ ಕಾಫಿ ಹೂ ಅರಳಿಸುವ ಮಳೆ, ಅದು ಬಿದ್ದರೇ ಫಸಲು. ನಮ್ಮ ತೋಟಗಳಲ್ಲಿ ದಿನದ ಲೆಕ್ಕದ ಪಕ್ಕ ಆ ದಿನದ ಮಳೆಯನ್ನೂ ಇಂಚು ಮತ್ತು ಇಂಚಿನ ನೂರನೇ ಪಾಲಾದ ಸೆಂಟಲ್ಲಿ ಬರೆಯದೆ ಪುಟ ತಿರುಗಿಸಲ್ಲ. ರೈಟರು ಬ್ಯಾಂಕಿನಿಂದ ಕಂಪ್ಯೂಟರಿಗೆ ಇಳಿಸಿದ ಹಾಳೆಯಲ್ಲೂ ಜಮಾ ಕಾಲಂ ಖಾಲಿ ಕಂಡಲ್ಲಿ ಮಳೆ ತುಂಬಿದ್ದರು. ಒಂದು ಇಂಚು ನಲವತ್ತು ಸೆಂಟನ್ನು ನನ್ನ ಫೈಲು ನಿಯತ್ತಾಗಿ ಆದಾಯಕ್ಕೆ ಸೇರಿಸಿತ್ತು.

ಕೆಲಸ ಕೆಟ್ಟಿತು ಅಂತ ಪೆನ್‌ಡ್ರೈವಿಗೆ ಕೈ ಹಾಕಿದೆ. ಅಷ್ಟರಲ್ಲಿ ಆಡಿಟರ್ ಕನ್ನಡಕ ತೆಗೆದರು.

"ಅವತ್ತು ನಿಮ್ಮಲ್ಲಿ ಒಂದು ನಲವತ್ತು ಬಂತಾ? ನಮ್ಮಲ್ಲಿ ಬರೀ ಅರವತ್ತು ಸೆಂಟು ಮಾರಾಯ್ರೆ."

ಯಜಮಾನರ ಎದೆ ಉಬ್ಬಿತು. "ಹೂಮಳೆ ಆದಾಯ ಅಲ್ದೆ ಖರ್ಚಾ? ಮೇಡಂ ಫೈಲು ಸರಿಯಾಗೇ ಹಿಡಿದಿದೆ."

ಅಲ್ಲೇ ಕೂತು ಮಳೆಗೆ ಬೇರೆ ಕಾಲಂ ಮಾಡಿ, ಮತ್ತೆ ಇಳಿಸಿದೆ. ಲೆಕ್ಕ ಪೈಸೆಗೆ ಪೈಸೆ ತಾಳೆ. ಯಜಮಾನರು ಮಾತಿಗೆ ತಪ್ಪಲಿಲ್ಲ. ಗೋಣಿಬೀಡಿಂದ ಕಳಸದವರೆಗೆ ಫೋನು ಬರತೊಡಗಿತು, ಎಲ್ಲರಿಗೂ ಬೇಕಾಗಿದ್ದು ಮಳೆ ಇಳಿಸೋ ಫೈಲು. ಖುಷಿಗೆ ನನ್ನ ಕಾಲು ನೆಲದ ಮೇಲೆ ನಿಲ್ತಿರಲಿಲ್ಲ.

ಒಂದು ದಿನ ಆ ಆಡಿಟರೇ ಅಂಗಡಿಗೆ ಬಂದರು. ತಮ್ಮ ತೋಟಕ್ಕೂ ಹಾಕಿಕೊಡಿ ಅಂದರು. ಆಮೇಲೆ ಬಾಗಿಲ ಕಡೆ ಒಮ್ಮೆ ನೋಡಿ, ದನಿ ತಗ್ಗಿಸಿ ಕೇಳಿದರು:

"ದುಡ್ಡಿನ ಲೆಕ್ಕ ಇದ್ದಂಗೇ ಇರ್ಲಿ. ಆ ಮಳೆ ಕಾಲಂ ಮಾತ್ರ, ಗೋಣಿಬೀಡಿನವ್ರಿಗಿಂತ ಒಂದತ್ತು ಸೆಂಟು ಜಾಸ್ತಿ ತೋರ್ಸೋ ಹಂಗೆ ಮಾಡೋಕಾಗುತ್ತಾ?"