ಅಳುವುದೋ, ಅಳೆಯುವುದೋ

ಇಪ್ಪತ್ತು ವರ್ಷ ಊರಿನವರ ಪ್ಯಾಂಟು ಹೊಲಿದ ಟೈಲರ್‌ಗೆ ಒಂದು ಬೆಳಿಗ್ಗೆ ಕನ್ನಡಿಯೆದುರು ಹಲ್ಲುಜ್ಜುವಾಗ, ತಾನೊಬ್ಬ ಮಹಾನಟನೆಂಬ ಜ್ಞಾನೋದಯವಾಯಿತು. (ಬಾಯಿ ತುಂಬ ನೊರೆ ಇದ್ದಾಗ ಯಾರು ತಾನೇ ರೌದ್ರವಾಗಿ ಕಾಣುವುದಿಲ್ಲ?) ನಾಟಕ ಸಂಘಕ್ಕೆ ಬಟ್ಟೆಯನ್ನೆಲ್ಲ ಪುಕ್ಕಟೆ ಹೊಲಿದುಕೊಡುತ್ತೇನೆಂದು ಡ್ರಾಮಾ ಮೇಷ್ಟ್ರ ಬಾಯಿ ಮುಚ್ಚಿಸಿ, ಮುದಿ ರಾಜನ ಪಾತ್ರ ಗಿಟ್ಟಿಸಿಯೂ ಬಿಟ್ಟ. ಯುದ್ಧಕ್ಕೆ ಹೋದ ಮಗ ಮರಳಿ ಬರುತ್ತಾನೆ, ರಾಜ ತಬ್ಬಿಕೊಂಡು ಅಳಬೇಕು. ಅಷ್ಟೇ.

"ನಿಮಗೆ ಅಳೆಯೋಕೆ ಬರುತ್ತೆ, ಅಳೋಕೆಲ್ಲಿ ಬರುತ್ತೆ?" ಎಂದಳು ಹೆಂಡತಿ, ಕಾಜಾ ಹೊಲಿಯುತ್ತ.

"ನೋಡ್ತಿರು, ಇಡೀ ಊರನ್ನೇ ಅಳಿಸ್ತೀನಿ!"

"ಊರು ಹಾಗಿರ್ಲಿ. ಒಬ್ಬರ ಕಣ್ಣಲ್ಲಿ ಒಂದೇ ಒಂದು ಹನಿ ತರಿಸಿ, ಇನ್ಮೇಲೆ ನಿಮ್ಮನ್ನ 'ಕಲಾವಿದರೇ' ಅಂತಲೇ ಕರೀತೀನಿ. ಇಲ್ಲಾಂದ್ರೆ ತೆಪ್ಪಗೆ ಮಿಷಿನ್ ತುಳೀಬೇಕು."

ಮದುವೆಯಾದಾಗಿನಿಂದ ಆ ಬಾಯಿಂದ ಒಂದು ಮರ್ಯಾದೆಯ ಮಾತು ಕೇಳಲು ಅವನ ಜೀವ ಹಪಹಪಿಸುತ್ತಿತ್ತು. ತಿಂಗಳುಗಟ್ಟಲೆ ಅಂಗಡಿಯ ಗೊಂಬೆಯನ್ನು ತಬ್ಬಿ ತಬ್ಬಿ ಅಭ್ಯಾಸ ಮಾಡಿದ.

ನಾಟಕದ ದಿನ ಸಭಾಂಗಣ ಕಿಕ್ಕಿರಿದಿತ್ತು. ಯುವರಾಜನ ವೇಷದ ಪೋಸ್ಟ್‌ಮ್ಯಾನ್ ಏದುಸಿರು ಬಿಡುತ್ತ ಓಡಿ ಬಂದ. "ಮಗನೇ!" ಎಂದು ರಾಜ ಬಾಚಿ ತಬ್ಬಿದ. ತಬ್ಬಿದ್ದೇ ತಡ, ಕೈ ತಾನಾಗಿ ಸೊಂಟ ಸುತ್ತಿತು, ಬಾಯಿ ತಾನಾಗಿ ಕೂಗಿತು:

"ಸೊಂಟ ನಲವತ್ತನಾಲ್ಕು! ಹೋದ ಸಲಕ್ಕಿಂತ ನಾಲ್ಕಿಂಚು ಜಾಸ್ತಿ! ಬರ್ಕೊಳ್ಳೇ!"

"ಬರ್ಕೊಂಡೆ! ಉದ್ದ ಹೇಳಿ!" ಮುಂದಿನ ಸಾಲಿನಿಂದ ಹೆಂಡತಿಯೂ ಅಭ್ಯಾಸಬಲದಿಂದ ಕೂಗಿಬಿಟ್ಟಳು.

ಜನ ಬಿದ್ದು ಬಿದ್ದು ನಕ್ಕರು. ಅತ್ತವನು ಯುವರಾಜನೊಬ್ಬನೇ. "ಮನೇಲಿ ಮೂವತ್ತೆಂಟು ಅಂತ ಹೇಳಿದ್ದೆನಲ್ಲೋ ಪಾಪಿ! ನನ್ನ ಹೆಂಡ್ತಿ ಅಲ್ಲೇ ಕೂತಿದಾಳೆ!" ಎಂದು ಅಪ್ಪನ ಹೆಗಲ ಮೇಲೆ ಬಿಕ್ಕಿ ಬಿಕ್ಕಿ ಅತ್ತ.

ಅಂತೂ ಹನಿ ಬಿತ್ತು. ಹೆಂಡತಿ ಮಾತಿಗೆ ತಪ್ಪುವವಳಲ್ಲ.

"ಕಲಾವಿದರೇ, ಗಿರಾಕಿ ಬಂದಿದಾರೆ!" ಎಂದು ಮರುದಿನ ಅಂಗಡಿ ಬಾಗಿಲಿನಿಂದ ಕೂಗಿದಳು. ಅವನಿಗೆ ಸ್ವರ್ಗಕ್ಕೆ ಮೂರೇ ಗೇಣು. ಟೇಪು ಕೊರಳಿಗೆ ಹಾಕಿಕೊಂಡು ಹೊರಬಂದರೆ, ಬ್ಯಾಂಕ್ ಮ್ಯಾನೇಜರು ರಸ್ತೆಯ ಆಚೆ ಬದಿಯಲ್ಲೇ ನಿಂತಿದ್ದರು.

"ಅಲ್ಲೇ ನಿಲ್ಲಪ್ಪಾ! ಹಳೇ ಪ್ಯಾಂಟು ಎಸೀತೀನಿ, ಅದರ ಅಳತೆಗೇ ಹೊಲಿ. ನನ್ನನ್ನ ಮಾತ್ರ ಮುಟ್ಬೇಡ!"

ಅವರ ಹಿಂದೆ ಹಳೇ ಪ್ಯಾಂಟು ಹಿಡಿದ ಇನ್ನೂ ಹನ್ನೊಂದು ಜನ ಸಾಲುಗಟ್ಟಿದ್ದರು. ಮೊದಲನೆಯದು ಹಾರಿ ಬಂದು ಕಲಾವಿದರ ಮುಖದ ಮೇಲೆ ಬಿತ್ತು.