ಇಟಲಿ ನಟಿಗೆ ನಟನೆ ಹೇಳಿಕೊಟ್ಟವರು

ನಟಿಯಾದವಳಿಗೆ ನಟನೆಯೊಂದನ್ನು ಬಿಟ್ಟು ಮಿಕ್ಕಿದ್ದೆಲ್ಲ ಬರುತ್ತದೆ ಎಂದು ನಂಬಿರುವ ಜನ ನನಗೆ ವಾರಕ್ಕೊಬ್ಬರಾದರೂ ಸಿಗುತ್ತಾರೆ. ಮೊದಲು ಇದಕ್ಕೆ ನಾನೊಬ್ಬಳೇ ಸಿಟ್ಟಾಗುತ್ತಿದ್ದೆ. ಹೋದ ವರ್ಷ ಇಟಲಿಯ ನಟಿಯೊಬ್ಬಳು ಜೊತೆಯಾದಳು. ಆಕೆ ಸಿಟ್ಟಾಗಬೇಕಾದ ಕಡೆಯೆಲ್ಲ ನಗುತ್ತಿದ್ದಳು. ಹಾಗಾಗಿ ಆಕೆಯ ಪಾಲಿನ ಸಿಟ್ಟನ್ನೂ ನಾನೇ ಹೊರಬೇಕಾಯಿತು.

ನನ್ನ ಊರು ಸೋಸಲೆ. ಹಳ್ಳಿಯ ಗಂಡಸರು ನಾಟಕ ಆಡುವಾಗ ಹೆಣ್ಣು ಪಾತ್ರಗಳಿಗೆ ಹೊರಗಿನಿಂದ ನಟಿಯರನ್ನು ಕರೆಸುವ ಪದ್ಧತಿ ನಮ್ಮ ಕಡೆ ಇದೆ. ಹಾಗೆ ಕರೆಸಿಕೊಂಡು ಕರೆಸಿಕೊಂಡೇ ನಾನು ನಂಜನಗೂಡಿನಲ್ಲಿ ಸ್ವಂತ ಮನೆ ಕಟ್ಟಿದ್ದೇನೆ. ಶಾಲೆಗೆ ಹೋದದ್ದು ಕಡಿಮೆ. ಪಾತ್ರ ಬಾಯಿಗೆ ಬರಬೇಕಾದರೆ ಓದು ಬರಬೇಕಿತ್ತು, ಓದಲು ನಾನೇ ಕಲಿತೆ. ಈಗ ಟೀವಿ ಧಾರಾವಾಹಿಗಳಲ್ಲಿ ಮನೆಗೆಲಸದವಳ ಪಾತ್ರ ಮಾಡುತ್ತೇನೆ. ಅದನ್ನು ಕೀಳು ಅನ್ನುವವರು ಮುಂದೆ ಓದಬೇಕಾಗಿಲ್ಲ.

ಗ್ಲಾಸು ಹಿಡಿಯುವ ಪಾಠ

ಮೈಸೂರಿನ ಒಂದು ಬಂಗಲೆಯಲ್ಲಿ ಶೂಟಿಂಗು. ಪಾರ್ಟಿಯ ದೃಶ್ಯ, ಶ್ರೀಮಂತರ ಮನೆ ಅಂತ ತೋರಿಸಲು ನಾಲ್ಕಾರು ಫಾರಿನ್ ಮುಖ ಬೇಕು. ಯೋಗ ಕಲಿಯಲು ಬಂದವರನ್ನು ವ್ಯಾನಿನಲ್ಲಿ ತುಂಬಿಕೊಂಡು ಬಂದರು. ಅವರಲ್ಲಿ ಅರವತ್ತರ ಆಸುಪಾಸಿನ ಒಬ್ಬಾಕೆ ಇದ್ದಳು. ಬೆಳ್ಳಿ ಕೂದಲು, ನೆಟ್ಟಗಿನ ಬೆನ್ನು. ಗಡ್ಡ ಬಿಟ್ಟ ಅಸಿಸ್ಟೆಂಟ್ ಡೈರೆಕ್ಟರು ಆಕೆಯ ಕೈಗೆ ಜ್ಯೂಸಿನ ಗ್ಲಾಸು ಕೊಟ್ಟ.

"ಮೇಡಂ, ಯು ಸ್ಟ್ಯಾಂಡ್ ಹಿಯರ್. ನೋ ಆ್ಯಕ್ಟಿಂಗ್. ಓನ್ಲಿ ಗ್ಲಾಸ್."

ಗ್ಲಾಸು ಹೇಗೆ ಎತ್ತಬೇಕು, ಹೇಗೆ ತುಟಿಗೆ ತಾಗಿಸಬೇಕು ಎಂದು ತಾನೇ ಮಾಡಿ ತೋರಿಸಿದ. ಎರಡನೇ ಸಲ ತೋರಿಸುವಾಗ ಅರ್ಧ ಜ್ಯೂಸು ಅವನೇ ಕುಡಿದಿದ್ದ. ಆಕೆ ಒಳ್ಳೆಯ ವಿದ್ಯಾರ್ಥಿನಿಯ ಹಾಗೆ ತಲೆಯಾಡಿಸಿದಳು.

ಶಾಟ್ ಶುರುವಾಯಿತು. ಆಕೆ ಒಂದು ಹೆಜ್ಜೆ ಪಕ್ಕಕ್ಕೆ ಸರಿದು, ಗದ್ದ ಕೊಂಚ ಎತ್ತಿದಳು, ಅಷ್ಟೇ. ಬೆಳಕೆಲ್ಲ ಆಕೆಯ ಮುಖದ ಮೇಲೆ ಬಂತು, ನಮ್ಮ ನಾಯಕಿ ಕತ್ತಲಲ್ಲಿ ಉಳಿದಳು. ಕ್ಯಾಮೆರಾದವರು ಕೂಗಿದರು, "ಆಯಮ್ಮನ್ನ ಅಲ್ಲಿ ನಿಲ್ಸಿದ್ದು ಯಾರ್ರೀ?"

"ನಾನಲ್ಲ ಸಾ, ಅವರೇ ಹೋಗಿ ನಿಂತ್ಕಂಡ್ರು."

"ಇಡೀ ಸೆಟ್ಟಲ್ಲಿ ಲೈಟು ಎಲ್ಲಿ ಬೀಳ್ತದೆ ಅಂತ ಗೊತ್ತಿರೋದು ಅವರೊಬ್ರಿಗೇ ಕಣಯ್ಯ!"

ಊಟದ ಹೊತ್ತಿಗೆ ನಾನು ಆಕೆಯ ಪಕ್ಕ ಕೂತೆ. ಆಕೆಯದು ನಿಧಾನದ ಇಂಗ್ಲಿಷು, ನನ್ನದು ಪೇಪರ್ ಓದಿ ಕೂಡಿಸಿಕೊಂಡ ಇಂಗ್ಲಿಷು, ಸಿಕ್ಕಿಹಾಕಿಕೊಂಡ ಕಡೆ ಫೋನು ದಾರಿ ಬಿಡಿಸಿತು. ಆಕೆ ತನ್ನ ದೇಶದಲ್ಲಿ ಹದಿಹರೆಯದಲ್ಲೇ ಸಿನಿಮಾಕ್ಕೆ ಬಂದವಳು. ಮೊದಲು ಮಗಳ ಪಾತ್ರ, ಆಮೇಲೆ ಪ್ರೇಯಸಿಯ ಪಾತ್ರ. ಆಮೇಲೆ ಅದೇ ನಾಯಕ ನಾಯಕನಾಗಿಯೇ ಉಳಿದ, ಈಕೆ ಅವನಿಗೆ ತಾಯಿಯಾದಳು. ಕಡೆಗೆ ಟೀವಿಯಲ್ಲಿ ವರ್ಷಗಟ್ಟಲೆ ಡಾಕ್ಟರ ಪಾತ್ರ. "ನಮ್ಮಲ್ಲೂ ಇಷ್ಟೇ" ಅಂದೆ. ಇಬ್ಬರೂ ಒಂದೇ ಹೋಳಿಗೆ ಮುರಿದು ತಿಂದೆವು.

ತಡೆಯಲಾರದೆ ಆ ಗಡ್ಡದವನ ಹತ್ತಿರ ಹೋದೆ. "ನೀನು ಹುಟ್ಟೋಕೆ ಮುಂಚೆನೇ ಅವರು ಹೀರೋಯಿನ್ ಆಗಿದ್ದೋರು ಕಣಯ್ಯ. ಅವರಿಗೆ ಗ್ಲಾಸು ಹಿಡಿಯೋದು ಹೇಳ್ಕೊಡ್ತೀಯಲ್ಲ, ನಾಚಿಕೆ ಆಗಲ್ವಾ?"

ಅವನು ನಿಜಕ್ಕೂ ನೊಂದುಕೊಂಡ. ತಲೆ ಕೆರೆದುಕೊಂಡು ಹೇಳಿದ, "ಹೌದಾ ಅಕ್ಕ? ಹಂಗಾದ್ರೆ ಸಾಯಂಕಾಲದ ಸೀನಲ್ಲಿ ಗ್ಲಾಸ್ ಜೊತೆ ಒಂದು ತಟ್ಟೆನೂ ಕೊಡ್ತೀನಿ."

ಬಸ್ಸಿನಲ್ಲಿ ನ್ಯಾಯ ಪಂಚಾಯಿತಿ

ಸ್ನೇಹವಾದ ಮೇಲೆ ಆಕೆಗೆ ನನ್ನ ಊರು ತೋರಿಸಲು ಟಿ. ನರಸೀಪುರದ ಬಸ್ಸು ಹತ್ತಿಸಿಕೊಂಡು ಹೊರಟೆ. ಎದುರು ಸೀಟಿನ ಹೆಂಗಸು ನನ್ನನ್ನೇ ದುರುಗುಟ್ಟಿ ನೋಡುತ್ತಿದ್ದಳು.

"ಏನವ್ವ, ಆ ಧಾರಾವಾಹೀಲಿ ದೊಡ್ಮನೆ ಕೆಲಸದೋಳು ನೀನೇ ಅಲ್ವಾ?"

"ಹೌದು" ಅಂದೆ, ಸ್ವಲ್ಪ ಹೆಮ್ಮೆಯಿಂದಲೇ.

"ಆ ಹಿರೇ ಸೊಸೆ ಒಡವೆ ಕದೀವಾಗ ಕಾಫಿ ತಟ್ಟೆ ಹಿಡ್ಕಂಡು ಬಾಗಿಲಲ್ಲೇ ನಿಂತಿದ್ದಲ್ಲ, ಯಾಕೆ ಬಾಯಿ ಬುಡ್ನಿಲ್ಲ? ಪಾಪ, ಆ ಕಿರೇ ಸೊಸೆ ಮ್ಯಾಲೆ ಬಂತು ಅಪವಾದ!"

"ನನಗೆ ಅಲ್ಲಿ ಡೈಲಾಗ್ ಕೊಟ್ಟಿರಲಿಲ್ಲಮ್ಮ."

"ನಿಜ ಹೇಳಕ್ಕೆ ಯಾರಾದ್ರೂ ಡೈಲಾಗ್ ಕೊಡಬೇಕಾ?"

ಬಸ್ಸಿಗೆ ಬಸ್ಸೇ ಅವಳ ಕಡೆಯಾಯಿತು. ಟಿಕೆಟ್ ಹರಿಯುತ್ತಿದ್ದ ಕಂಡಕ್ಟರೂ ನಿಂತು, "ನೀವು ಹೇಳಬೇಕಿತ್ತು ಕಣಕ್ಕ, ಅನ್ನ ತಿಂದ ಮನೆ ಅದು" ಎಂದು ತೀರ್ಪು ಕೊಟ್ಟ. ನಾನು ಆ ಮನೆಯಲ್ಲಿ ಅನ್ನ ತಿಂದ ದೃಶ್ಯವೇ ಇಲ್ಲ. ಯಾವ ಧಾರಾವಾಹಿಯಲ್ಲೂ ಕೆಲಸದವಳಿಗೆ ಊಟ ಹಾಕುವುದನ್ನು ತೋರಿಸುವುದಿಲ್ಲ. ಇದನ್ನು ಎತ್ತಿ ಹೇಳಿದರೆ ಕೇಳುವವರಾರು?

ಇಟಲಿಯಾಕೆ ಏನೆಂದು ಕೇಳಿದಳು, ಹೇಳಿದೆ. ಬಿದ್ದು ಬಿದ್ದು ನಕ್ಕಳು. ಆಕೆ ಡಾಕ್ಟರ ಪಾತ್ರ ಮಾಡುತ್ತಿದ್ದಾಗ ಅವರೂರ ಮೀನಂಗಡಿಯವನು ಪ್ಯಾಂಟು ಮೇಲಕ್ಕೆ ಮಡಿಸಿ ಮಂಡಿ ತೋರಿಸಿದನಂತೆ. ನಿಜವಾದ ಡಾಕ್ಟರ ಹತ್ತಿರ ಹೋಗು ಎಂದರೆ, "ಅವರನ್ನು ನಾನು ಟೀವಿಯಲ್ಲಿ ನೋಡಿಲ್ಲ, ಹೇಗೆ ನಂಬಲಿ?" ಎಂದನಂತೆ.

"ಏನಂತೆ?" ಎಂದಳು ಎದುರು ಸೀಟಿನವಳು. ಎಲ್ಲ ಕಡೆಯೂ ಇಂಥ ಮೂರ್ಖರಿದ್ದಾರೆ ಎಂದು ಅವಳಿಗೆ ಅರ್ಥವಾಗಲಿ ಎಂದೇ ಕಥೆಯನ್ನು ಒಂದಕ್ಷರ ಬಿಡದೆ ಕನ್ನಡದಲ್ಲಿ ಹೇಳಿದೆ. ಅವಳು ಗಮನವಿಟ್ಟು ಕೇಳಿ, ಸೀರೆಯನ್ನು ಮಂಡಿಯವರೆಗೆ ಎತ್ತಿ ಕಾಲು ನಮ್ಮ ಮುಂದೆ ಚಾಚಿದಳು.

"ಡಾಕ್ಟ್ರು ಅಂತ ಮೊದಲೇ ಏಳಬಾರ್ದಾ? ಸಂಕ್ರಾಂತಿಯಿಂದ ಊದ್ಕಂಡದೆ. ಒಸಿ ನೋಡಕ್ಕೆ ಏಳವ್ವ."

ನಮ್ಮ ಬೀದಿಯ ಪ್ರಶಸ್ತಿ

ನಂಜನಗೂಡಿನ ನನ್ನ ಮನೆಯ ಜಗಲಿಯ ಮೇಲೆ ಕೂತು ರಸಬಾಳೆ ತಿನ್ನುತ್ತಾ ಆಕೆ ಒಂದು ಮಾತು ಹೇಳಿದಳು. ಜೀವನವೆಲ್ಲ ನಟಿಸಿದ್ದು ಕ್ಯಾಮೆರಾದ ಮುಂದೆ. ಜನರ ಮುಂದೆ, ಸ್ಟೇಜಿನ ಮೇಲೆ ಒಂದು ಸಲವೂ ನಿಂತಿಲ್ಲ. ಚಿಕ್ಕವಳಿದ್ದಾಗ ನಾಟಕದ ಶಾಲೆಯವರು "ನಿನ್ನ ದನಿ ಸಣ್ಣದು, ಹಿಂದಿನ ಸಾಲಿಗೆ ಕೇಳುವುದಿಲ್ಲ" ಎಂದು ವಾಪಸು ಕಳಿಸಿದ್ದರಂತೆ. ಯುಗಾದಿ ಕಳೆದರೆ ಊರಿಗೆ ಹೋಗುತ್ತೇನೆ, ಇನ್ನು ಆ ಆಸೆ ಹಾಗೇ ಉಳಿಯಿತು ಎಂದಳು. ಈ ಮಾತಿಗೆ ಮಾತ್ರ ಆಕೆ ನಗಲಿಲ್ಲ.

"ಯುಗಾದಿಯೊಳಗೆ ನಿನ್ನನ್ನು ಸ್ಟೇಜಿನ ಮೇಲೆ ನಿಲ್ಲಿಸದಿದ್ದರೆ ನಾನು ಮುಖಕ್ಕೆ ಬಣ್ಣ ಹಚ್ಚುವುದನ್ನೇ ಬಿಡುತ್ತೇನೆ" ಅಂದೆ. ನಾನು ಮಾತು ಕೊಟ್ಟರೆ ಕೊಟ್ಟಂತೆಯೇ.

ಅಷ್ಟು ಹೊತ್ತಿಗೆ ಬೀದಿಯ ಹೆಂಗಸರೆಲ್ಲ ಸೇರಿ ಸಂದರ್ಶನ ಶುರು ಮಾಡಿದರು. ನಾನು ನಡುವೆ ದುಭಾಷಿ.

"ಯಜಮಾನ್ರು ಏನ್ ಮಾಡ್ತಾರಂತೆ?"

"ಇಬ್ಬರಿದ್ದರಂತೆ, ಈಗ ಯಾರೂ ಇಲ್ಲ."

"ಪಾಪ. ಮಕ್ಕಳು?"

"ಇಲ್ಲ."

"ಅಯ್ಯೋ ಪಾಪ."

ನನಗೆ ರೇಗಿತು. "ಪಾಪ ಯಾಕೆ? ಎಷ್ಟು ಸಿನಿಮಾ ಮಾಡಿದ್ದಾರೆ ಗೊತ್ತಾ? ಅವರ ದೇಶದಲ್ಲಿ ದೊಡ್ಡ ಪ್ರಶಸ್ತಿ ಬಂದಿದೆ. ರಸ್ತೇಲಿ ಹೋದರೆ ಜನ ಮುತ್ತಿಕೊಳ್ತಾರೆ!"

ಎದುರು ಮನೆಯ ಅಜ್ಜಿ ಎಲೆಯಡಿಕೆ ಒಂದು ದವಡೆಗೆ ಸರಿಸಿ, "ಅದಿರ್ಲಿ ಬುಡವ್ವ. ಮುದ್ದೆ ಉಣ್ತಾಳಾ?" ಎಂದಳು.

ಮುದ್ದೆ ಬಂತು, ಬಸ್ಸಾರು ಬಂತು. ಆಕೆ ಅಜ್ಜಿಯ ಕೈಯನ್ನೇ ಒಂದು ಗಳಿಗೆ ಗಮನಿಸಿದಳು. ಆಮೇಲೆ ತುತ್ತು ಮುರಿದು, ಸಾರಲ್ಲಿ ಹೊರಳಿಸಿ, ಹಲ್ಲಿಗೆ ತಾಗಿಸದೆ ನುಂಗಿದಳು. ನುಂಗಿ, ಅಜ್ಜಿಯ ಹಾಗೆಯೇ ಬೆರಳು ನೆಕ್ಕಿ, ಅಜ್ಜಿಯ ಹಾಗೆಯೇ ಒಂದು ತೇಗು ತೇಗಿದಳು. ಬೀದಿ ಚಪ್ಪಾಳೆ ತಟ್ಟಿತು.

"ಈಗ ಒಪ್ಪಿದೆ ಕಣವ್ವ" ಎಂದಳು ಅಜ್ಜಿ. "ಆ ಪ್ರಶಸ್ತಿ ಕೊಟ್ಟೋರು ಸುಮ್ಸುಮ್ನೆ ಕೊಟ್ಟಿಲ್ಲ."

ಅವ್ವನ ಬಣ್ಣ

ಹೆಮ್ಮಿಗೆ ಕಡೆಯ ಒಂದೂರಿನಲ್ಲಿ ಯುಗಾದಿಗೆ ಮುಂಚೆ ಆಡುವ ನಾಟಕದ ರಾಣಿಯ ಪಾತ್ರಕ್ಕೆ ನನ್ನನ್ನು ಕರೆದಿದ್ದರು. ಊರ ಹೆಸರು ಹೇಳುವುದಿಲ್ಲ, ನಾನು ಮತ್ತೆ ಆ ದಾರಿಯಲ್ಲಿ ಓಡಾಡಬೇಕು. ಹಾರ್ಮೋನಿಯಂ ಮೇಷ್ಟ್ರು ತಾವೇ ಕಟ್ಟಿದ ರಾಜರ ನಾಟಕ. ದೊಡ್ಡರಾಜ ತಮ್ಮನಿಗೆ ಅರ್ಧ ರಾಜ್ಯ ಕೊಡುವುದಿಲ್ಲ ಎನ್ನುತ್ತಾನೆ, ಯುದ್ಧಕ್ಕೆ ಹೊರಡುವ ಮುಂಚೆ ರಾಜಮಾತೆಯ ಆಶೀರ್ವಾದ ಕೇಳುತ್ತಾನೆ, ಕಡೆಗೆ ಚಿಕ್ಕರಾಜನ ಗದೆಯಿಂದ ಸಾಯುತ್ತಾನೆ. ನಮ್ಮ ಕಡೆ ಪಾತ್ರ ಯಾರೂ ಕೊಡುವುದಿಲ್ಲ, ಹೆಚ್ಚು ದುಡ್ಡು ಹಾಕಿದವರು ತೆಗೆದುಕೊಳ್ಳುತ್ತಾರೆ. ದೊಡ್ಡರಾಜನ ಪಾತ್ರ ಗೊಬ್ಬರದಂಗಡಿ ಯಜಮಾನರದು, ಚಿಕ್ಕರಾಜನದು ಜೆಸಿಬಿ ಇಟ್ಟಿರುವವನದು. ರಾಜಮಾತೆಯ ಪಾತ್ರಕ್ಕೆ ಜನ ಸಿಕ್ಕಿರಲಿಲ್ಲ.

"ನಾನು ಕರೆತರುತ್ತೇನೆ" ಎಂದು ಇಟಲಿಯಾಕೆಯನ್ನು ಕರೆದುಕೊಂಡು ಹೋಗಿ ನಿಲ್ಲಿಸಿದೆ.

ಗೊಬ್ಬರದವರು ಆಕೆಯನ್ನೂ ತಮ್ಮ ಕೈಯನ್ನೂ ನೋಡಿಕೊಂಡರು. "ಅಲ್ಲಕ್ಕ, ಅವ್ವ ಇಷ್ಟು ಬೆಳ್ಳಗೆ, ಮಗ ನಾನು ಇಂಗೆ. ಜನ ಏನಂತಾರೆ?"

"ಅಪ್ಪನ್ನ ಓಲ್ತೀಯ ಅಂತಾರೆ ಬುಡಣ್ಣ" ಎಂದ ಜೆಸಿಬಿಯವನು.

ನಾನು ಬಿಡಲಿಲ್ಲ. "ಏಳು ಕಡಲಾಚೆಯ ದೊರೆಯ ಮಗಳು ನಮ್ಮ ತಾಯಿ ಅಂತ ದಿನಾ ರಾಗವಾಗಿ ಹಾಡ್ತೀರಲ್ಲ ಯಜಮಾನ್ರೇ, ಏಳು ಕಡಲಾಚೆ ಅಂದರೆ ಯಾವುದು, ಟಿ. ನರಸೀಪುರವಾ?"

"ಔದಲ್ಲ! ನಾನೇ ಬರ್ದಿರೋದು ಅದು" ಎಂದರು ಮೇಷ್ಟ್ರು, ತಮ್ಮ ಮೇಲೆ ತಮಗೇ ಗೌರವ ಹುಟ್ಟಿ.

"ಆದ್ರೆ ಆಯಮ್ಮಂಗೆ ಕನ್ನಡದ ಅರ್ಥ ಗೊತ್ತಾಗಕ್ಕಿಲ್ವಲ್ಲ?" ಎಂದರು ಗೊಬ್ಬರದವರು.

"ನಿಮ್ಮ ಮಾತಲ್ಲಿ 'ಮದೋನ್ಮತ್ತನಾದ ನಾನು' ಅಂತ ಬರುತ್ತಲ್ಲ, ಅದರ ಅರ್ಥ ಹೇಳಿ ನೋಡೋಣ."

ಯಜಮಾನರು ಬಹಳ ಹೊತ್ತು ಯೋಚಿಸಿದರು. "ಏನೋ ಒಂದು ಬಿರುದು ಇರಬೇಕು" ಎಂದರು.

ಕಡೆಗೆ ಒಪ್ಪಿದರು, ಷರತ್ತು ಹಾಕಿ. ರಾಜಮಾತೆಗೆ ಮಾತಿಲ್ಲ. ಬರಬೇಕು, ಕೈ ಎತ್ತಿ ಆಶೀರ್ವಾದ ಮಾಡಬೇಕು, ಹೋಗಬೇಕು. ದೊಡ್ಡರಾಜನ ಸನ್ಮಾನಕ್ಕೆ ಹೊತ್ತು ಬೇಕಲ್ಲ! ನಾನು ಸರಿ ಅಂದೆ. ಮನೆಗೆ ಬಂದು, ಕತ್ತರಿಸಿ ಹಾಕಿದ ಮಾತನ್ನು ಆಕೆಗೆ ಕಲಿಸಿದೆ: "ಗೆಲುವು ನ್ಯಾಯದ ಪಾಲು ಮಗನೇ, ನಿನ್ನ ಪಾಲಲ್ಲ." ಕಪಿಲೆಯ ಮೆಟ್ಟಿಲ ಮೇಲೆ ಬಟ್ಟೆ ಒಗೆಯುವವರಿಗೆಲ್ಲ ಕೇಳುವಂತೆ ಅದನ್ನು ಹೇಳಿಕೊಂಡು ಆಕೆ ಓಡಾಡಿದಳು. ಒಂದು ದಿನ ಕೇಳಿದಳು, "ಈ ತಾಯಿಗೆ ಮಗನ ಮೇಲೆ ಪ್ರೀತಿ ಇದೆಯೋ ಇಲ್ಲವೋ?" ಇಷ್ಟು ವರ್ಷ ರಾಣಿಯಾಗಿದ್ದೇನೆ, ನನ್ನ ಹತ್ತಿರ ಇಂಥದ್ದನ್ನು ಯಾರೂ ಕೇಳಿರಲಿಲ್ಲ. "ಇದೆ, ಅದಕ್ಕೇ ಕಷ್ಟ" ಅಂದೆ.

ಅಂದಹಾಗೆ, ಆಕೆಗೆ ಪಾತ್ರ ಕೊಡಲು ಒಪ್ಪಿದ ಆ ದಿನ ನಾವು ಹೊರಡುವಾಗ ಗೊಬ್ಬರದವರು ಹಿಂದಿನಿಂದ ಕೂಗಿ ಹೇಳಿದ್ದು ಇದು: "ಅಕ್ಕ, ಆಯಮ್ಮನ್ನ ಬೆಳಿಗ್ಗೆ ಅಂಗಡಿ ತಾವ ಕಳಿಸು. ಆ್ಯಕ್ಟಿಂಗ್ ನಾನೇ ಏಳ್ಕೊಡ್ತೀನಿ."

ಒನ್ಸ್ ಮೋರ್

ರಾತ್ರಿ ಮೈಕಿಗೆ ಪರ್ಮಿಷನ್ ಸಿಗುವುದಿಲ್ಲವೆಂದು ಈಗ ನಾಟಕ ಹಗಲಲ್ಲೇ. ಬೆಳಿಗ್ಗೆಯೇ ಶಾಮಿಯಾನ ತುಂಬಿತ್ತು. ನಮ್ಮ ನಾಟಕಗಳಲ್ಲಿ ಎರಡು ಕಾನೂನು. ಒಂದು, ಪಾತ್ರಧಾರಿಯ ಕಡೆಯವರು ಹಾರ ಹಿಡಿದು ಸ್ಟೇಜು ಹತ್ತಿದರೆ ಯುದ್ಧವೇ ನಡೆಯುತ್ತಿದ್ದರೂ ನಿಲ್ಲಬೇಕು. ಎರಡು, ಜನ ಒನ್ಸ್ ಮೋರ್ ಅಂದರೆ ಮತ್ತೆ ಮಾಡಲೇಬೇಕು, ಮಾಡದಿದ್ದರೆ ಕುರ್ಚಿ ಹಾರುತ್ತವೆ.

ಆಕೆ ಬಿಳಿ ಸೀರೆಯುಟ್ಟು ನಿಧಾನವಾಗಿ ಬಂದಳು. ದೊಡ್ಡರಾಜ "ತಾಯೇ, ಆಶೀರ್ವದಿಸು!" ಎಂದು ಗರ್ಜಿಸಿದ. ಆಕೆ ಕೈ ಎತ್ತಿದಳು. ಸರಿಯಾಗಿ ಆಗಲೇ ಗೊಬ್ಬರದಂಗಡಿಯ ಗಿರಾಕಿಗಳೆಲ್ಲ ಹಾರ, ಶಾಲು, ಹಣ್ಣಿನ ಬುಟ್ಟಿ ಹಿಡಿದು ಸ್ಟೇಜು ಹತ್ತಿದರು. ಮೈಕಿನಲ್ಲಿ ಹೆಸರು ಕೂಗುತ್ತಲೇ ಇದ್ದರು. ಯಜಮಾನರು ತಾಯಿಗೆ ಬೆನ್ನು ತಿರುಗಿಸಿ ಮೊಬೈಲುಗಳ ಕಡೆ ಹಲ್ಲು ಬಿಟ್ಟರು.

ಆಕೆ ಕೈ ಇಳಿಸಲಿಲ್ಲ. ಮಗನ ಬೆನ್ನನ್ನೇ ನೋಡುತ್ತಾ ನಿಂತಳು. ಸೈಡ್‌ವಿಂಗಿನಲ್ಲಿ ನನಗೆ ರಕ್ತ ಕುದಿಯಿತು. ಜೀವಮಾನದ ಆಸೆ ಹೊತ್ತು ಬಂದವಳನ್ನು ದೀಪದ ಕಂಬ ಮಾಡಿದರಲ್ಲ! ಹಾರಗಳನ್ನು ಕಿತ್ತೆಸೆಯಲು ಹೊರಟೆ. ಮೇಷ್ಟ್ರು ಹಾರ್ಮೋನಿಯಂ ಮುಂದೆ ಕೂತಲ್ಲಿಂದಲೇ ಕೈ ಅಡ್ಡ ಹಿಡಿದರು. "ತಡಿಯವ್ವ, ಜನಾನ ನೋಡು."

ನೋಡಿದೆ. ಹಾರವನ್ನು ಯಾರೂ ನೋಡುತ್ತಿರಲಿಲ್ಲ. ಎಲ್ಲರ ಕಣ್ಣೂ ಎತ್ತಿದ ಆ ಕೈಯ ಮೇಲಿತ್ತು. ಕಡಲೆಕಾಯಿ ಬಿಡಿಸುವ ಸದ್ದೂ ನಿಂತಿತ್ತು. ಮುಂದೆ ಚಾಪೆಯ ಮೇಲೆ ಕೂತಿದ್ದ ಒಬ್ಬ ಮುದುಕಿ ಎದ್ದು ನಿಂತಳು.

"ಲೋ ಗೊಬ್ಬರದೋನೇ! ಅವ್ವ ಆವಾಗಿಂದ ಕೈ ಎತ್ಕಂಡು ನಿಂತವ್ಳೆ, ನೀನು ಅತ್ಲಾಗೆ ತಿರುಕ್ಕಂಡು ಫೋಟೋ ತೆಗಿಸ್ಕತಾ ಇದ್ದೀಯಲ್ಲ, ಕಾಲಿಗೆ ಬೀಳ್ಲಾ ಮೊದ್ಲು!"

ಯಜಮಾನರು ಬೆಚ್ಚಿ ತಿರುಗಿ, ಕಿರೀಟ, ಭುಜಕೀರ್ತಿ, ಹಾರಗಳ ಸಮೇತ ದೊಪ್ಪನೆ ಕಾಲಿಗೆ ಬಿದ್ದರು. ಆಕೆ ತಲೆ ಮುಟ್ಟಿ ಹೇಳಿದಳು, "ಗೆಲುವು ನ್ಯಾಯದ ಪಾಲು ಮಗನೇ, ನಿನ್ನ ಪಾಲಲ್ಲ."

ಆ ಸಣ್ಣ ದನಿ ಶಾಮಿಯಾನ ದಾಟಿ, ಆಚೆ ಬೋಂಡ ಕರಿಯುವವನು ಜಾಲರಿ ಎತ್ತಿ ಹಿಡಿದು ನಿಲ್ಲುವ ಹಾಗೆ ಕೇಳಿಸಿತು. ಆಮೇಲೆ ಸಿಳ್ಳೆಯೋ ಸಿಳ್ಳೆ. "ಒನ್ಸ್ ಮೋರ್!"

ಯಜಮಾನರು ತಮಗೇ ಎಂದುಕೊಂಡು ಎದ್ದು ಜನರಿಗೆ ಕೈಮುಗಿದರು.

"ನಿಂಗಲ್ಲ ಕಣ್ಲಾ, ನಿಮ್ಮವ್ವಂಗೆ!" ಎಂದಳು ಮುದುಕಿ. "ಬೀಳು!"

ಬಿದ್ದರು. ಈ ಸಲ ಆಕೆ ಅದೇ ಮಾತನ್ನು ಅಳುತ್ತಾ ಹೇಳಿದಳು. ಮತ್ತೆ ಒನ್ಸ್ ಮೋರ್. ಮತ್ತೆ ಬಿದ್ದರು. ಈ ಸಲ ಸಿಟ್ಟಿನಿಂದ ಹೇಳಿದಳು, ಎಷ್ಟು ಸಿಟ್ಟು ಅಂದರೆ ನನ್ನ ಕಡೆ ಬಾಕಿ ಇದ್ದದ್ದೆಲ್ಲ ಸೇರಿ ಹೋಯಿತು. ಜನ ಕುರ್ಚಿ ಹತ್ತಿ ನಿಂತು ಮತ್ತೆ ಒನ್ಸ್ ಮೋರ್ ಕೂಗಿದರು. ಯಜಮಾನರಿಗೆ ಮೇಲೇಳಲು ಆಗಲಿಲ್ಲ. ಕಿರೀಟ ಕಿವಿಯ ಮೇಲೆ ವಾಲಿತ್ತು. ಕೂತಲ್ಲಿಂದಲೇ ಮಂಡಿ ಹಿಡಿದುಕೊಂಡು, ಮೈಕಿಗೆ ಕೇಳುವಂತೆ ಕಿರುಚಿದರು:

"ಸಾಕು ಕಣವ್ವೋ! ನಂಗೆ ಯುದ್ಧನೂ ಬ್ಯಾಡ, ಗೆಲುವೂ ಬ್ಯಾಡ. ಅರ್ಧ ರಾಜ್ಯ ತಮ್ಮಂಗೇ ಕೊಟ್ಬುಡ್ತೀನಿ!"

ಊರಿಗೆ ಊರೇ ಚಪ್ಪಾಳೆ ತಟ್ಟಿತು. ಆಗ ಸೈಡ್‌ವಿಂಗಿನಿಂದ ಚಿಕ್ಕರಾಜ, ಬೆಳಿಗ್ಗೆಯಿಂದ ಬಿಗಿ ಕವಚದಲ್ಲಿ ಬೆಂದು ಕಾಯುತ್ತಿದ್ದ ಜೆಸಿಬಿಯವನು, ಗದೆ ತಿರುಗಿಸುತ್ತಾ ಸ್ಟೇಜಿಗೆ ನುಗ್ಗಿದ.

"ಎಂಗ್ಲಾ ಕೊಟ್ಟೀಯೆ? ನಿನ್ ರಾಜ್ಯ ಯಾವನಿಗೆ ಬೇಕು! ನಾನು ಪಾತ್ರ ತಕಂಡಿರೋದೇ ನಿಂಗೆ ಒಡೆಯೋಕೆ! ಏಳ್ಲಾ ಮ್ಯಾಕೆ!"